ಕನ್ನಡ ಡಿಟಿಪಿಯಲ್ಲಿ ಕಾಪಿ-ಪೇಸ್ಟ್: ಪದೇ ಪದೇ ಕೇಳುವ ಪ್ರಶ್ನೆಗಳು

ಬೆಂಗಳೂರಿನ ಚಾಮರಾಜಪೇಟೆಯಲ್ಲಿ ನನ್ನದೊಂದು ಸಣ್ಣ ಡಿಟಿಪಿ ಅಂಗಡಿ ಇದೆ. ಲಗ್ನಪತ್ರಿಕೆ, ಗೃಹಪ್ರವೇಶದ ಕಾರ್ಡು, ಸಂಘದ ಸ್ಮರಣ ಸಂಚಿಕೆ, ಕವನ ಸಂಕಲನ, ನವೆಂಬರ್ ಬಂದರೆ ರಾಜ್ಯೋತ್ಸವದ ಪೋಸ್ಟರು, ಹೀಗೆ ಕೈಗೆ ಬಂದ ಕನ್ನಡವನ್ನೆಲ್ಲ ಪುಟದಲ್ಲಿ ಕೂರಿಸುವುದು ನಮ್ಮ ಕೆಲಸ. ಈಗ ಯಾರೂ ಕೈಬರಹದ ಹಾಳೆ ತರುವುದಿಲ್ಲ, ಎಲ್ಲರೂ ಫೈಲ್ ತರುತ್ತಾರೆ. ಹಾಗಾಗಿ ಟೈಪ್ ಮಾಡುವುದು ಕಡಿಮೆಯಾಗಿದೆ, ಪೇಸ್ಟ್ ಮಾಡುವುದು ಜಾಸ್ತಿಯಾಗಿದೆ. ತಪ್ಪುಗಳೂ ಅಲ್ಲೇ ಹುಟ್ಟುತ್ತಿವೆ. ಕೆಲಸ ಕಲಿಯಲು ಬರುವ ಹುಡುಗ ಹುಡುಗಿಯರು, ಪುಸ್ತಕ ತರುವ ಲೇಖಕರು, ಬೇರೆ ಊರಿನ ಪ್ರೆಸ್‌ನವರು ಮತ್ತೆ ಮತ್ತೆ ಕೇಳಿದ್ದನ್ನು ಅವರ ಮಾತಿನಲ್ಲೇ ಇಲ್ಲಿ ಇಟ್ಟಿದ್ದೇನೆ. ಯಾವ ಸಾಫ್ಟ್‌ವೇರ್ ಅಂತ ಹೇಳದ ಕಡೆ ಅಡೋಬಿ ಕಂಪನಿಯ ಪುಟ ಕಟ್ಟುವ ಸಾಫ್ಟ್‌ವೇರ್ ಇನ್‌ಡಿಸೈನ್ ಅಂತ ತಿಳಿಯಿರಿ. ಕೀಲಿಗಳನ್ನೆಲ್ಲ ವಿಂಡೋಸ್ ಲೆಕ್ಕದಲ್ಲಿ ಹೇಳಿದ್ದೇನೆ. ಮ್ಯಾಕ್ ಇದ್ದವರು ಕಂಟ್ರೋಲ್ ಬದಲು ಕಮಾಂಡ್, ಆಲ್ಟ್ ಬದಲು ಆಪ್ಷನ್ ಅಂತ ಓದಿಕೊಳ್ಳಿ.

## ಮೊದಲ ಪಾಠ

ಕಾಪಿ-ಪೇಸ್ಟ್ ಅಂದ್ರೆ ಕಂಟ್ರೋಲ್ ಸಿ, ಕಂಟ್ರೋಲ್ ವಿ ಅಷ್ಟೇ ಅಲ್ವಾ ಮೇಡಂ? ಅದರಲ್ಲಿ ಕಲಿಯೋದೇನಿದೆ?

ಒತ್ತುವ ಕೀಲಿ ಅಷ್ಟೇ, ನಿಜ. ಆದರೆ ಒಳಗೆ ನಡೆಯುವುದು ಬೇರೆ. ನೀವು ವರ್ಡ್‌ನಲ್ಲಿ ಒಂದು ಪ್ಯಾರಾ ಕಾಪಿ ಮಾಡಿದಾಗ ಕ್ಲಿಪ್‌ಬೋರ್ಡ್‌ಗೆ, ಅಂದರೆ ಕಾಪಿ ಮಾಡಿದ್ದನ್ನು ಕಂಪ್ಯೂಟರ್ ಸದ್ಯಕ್ಕೆ ಇಟ್ಟುಕೊಳ್ಳುವ ಜಾಗಕ್ಕೆ, ಒಂದೇ ಸರಕು ಹೋಗುವುದಿಲ್ಲ. ಅದೇ ಪ್ಯಾರಾ ಮೂರು ನಾಲ್ಕು ರೂಪದಲ್ಲಿ ಹೋಗಿ ಕೂರುತ್ತದೆ: ಫಾಂಟು, ಬಣ್ಣ, ಅಂತರ ಎಲ್ಲ ಸೇರಿದ ರೂಪ ಒಂದು, ವೆಬ್ ಪುಟದ ರೂಪ ಒಂದು, ಬರೀ ಅಕ್ಷರಗಳ ರೂಪ ಒಂದು. ಪೇಸ್ಟ್ ಮಾಡಿಸಿಕೊಳ್ಳುವ ಸಾಫ್ಟ್‌ವೇರ್ ಅದರಲ್ಲಿ ತನಗೆ ಅರ್ಥವಾಗುವ ಒಂದನ್ನು ಎತ್ತಿಕೊಳ್ಳುತ್ತದೆ. ಅದಕ್ಕೇ ಒಂದೇ ಪ್ಯಾರಾ ನೋಟ್‌ಪ್ಯಾಡ್‌ನಲ್ಲಿ ಒಂದು ಥರ, ಕೋರಲ್‌ಡ್ರಾನಲ್ಲಿ ಇನ್ನೊಂದು ಥರ, ಪೇಜ್‌ಮೇಕರ್‌ನಲ್ಲಿ ಮತ್ತೊಂದು ಥರ ಬರುತ್ತದೆ. ಇದೊಂದು ತಿಳಿದಿದ್ದರೆ ಮುಂದಿನ ಅರ್ಧ ಪ್ರಶ್ನೆಗಳಿಗೆ ಉತ್ತರ ನಿಮಗೇ ಹೊಳೆಯುತ್ತದೆ.

ಹಿಂದೆ ಕತ್ತರಿಸಿ ಅಂಟಿಸುವುದು ನಿಜವಾಗಿಯೂ ಕತ್ತರಿಸಿ ಅಂಟಿಸುವುದೇ ಆಗಿತ್ತು. ಬ್ರೋಮೈಡ್ ಅನ್ನುವ ಫೋಟೋ ಕಾಗದದಲ್ಲಿ ಅಕ್ಷರ ತೆಗೆಸಿ, ಬ್ಲೇಡಿನಲ್ಲಿ ಕತ್ತರಿಸಿ, ಗಮ್ ಹಚ್ಚಿ ಪುಟ ಕಟ್ಟುತ್ತಿದ್ದರು. ಆ ಕೆಲಸದ ಹೆಸರನ್ನೇ 1970ರ ದಶಕದಲ್ಲಿ ಲ್ಯಾರಿ ಟೆಸ್ಲರ್ ಮತ್ತು ಅವರ ಜೊತೆಗಾರರು ಜೆರಾಕ್ಸ್ ಕಂಪನಿಯ ಪಾರ್ಕ್ ಸಂಶೋಧನಾ ಕೇಂದ್ರದಲ್ಲಿ ಕಂಪ್ಯೂಟರಿಗೆ ತಂದರು. ಬ್ಲೇಡಿನ ಕಾಲದಲ್ಲಿ ಒಂದು ಅನುಕೂಲ ಇತ್ತು. ಅಂಟಿಸಿದ ಅಕ್ಷರ ತಾನಾಗಿ ಬದಲಾಗುತ್ತಿರಲಿಲ್ಲ.

ವರ್ಡ್‌ನಿಂದ ಪೇಸ್ಟ್ ಮಾಡಿದ್ರೆ ಅದರ ಫಾಂಟು, ಸೈಜು, ಬಣ್ಣ ಎಲ್ಲಾ ಹಿಂದೇನೇ ಬರುತ್ತೆ. ಬರೀ ಅಕ್ಷರ ಬರೋ ಹಾಗೆ ಮಾಡೋದು ಹೇಗೆ?

ಇನ್‌ಡಿಸೈನ್‌ನಲ್ಲಿ ಕಂಟ್ರೋಲ್ ಶಿಫ್ಟ್ ವಿ ಒತ್ತಿ. ಎಡಿಟ್ ಮೆನುವಿನಲ್ಲಿ ಇದಕ್ಕೆ ಪೇಸ್ಟ್ ವಿದೌಟ್ ಫಾರ್ಮ್ಯಾಟಿಂಗ್ ಅಂತ ಹೆಸರು. ಯಾವಾಗಲೂ ಹೀಗೇ ಬೇಕು ಅಂದರೆ ಪ್ರಿಫರೆನ್ಸಸ್ ಒಳಗೆ ಕ್ಲಿಪ್‌ಬೋರ್ಡ್ ಹ್ಯಾಂಡ್ಲಿಂಗ್‌ಗೆ ಹೋಗಿ. ಬೇರೆ ಸಾಫ್ಟ್‌ವೇರ್‌ನಿಂದ ಪೇಸ್ಟ್ ಮಾಡುವಾಗ 'ಟೆಕ್ಸ್ಟ್ ಓನ್ಲಿ' ಬೇಕೋ 'ಆಲ್ ಇನ್ಫರ್ಮೇಷನ್' ಬೇಕೋ ಅಂತ ಅಲ್ಲಿ ಕೇಳುತ್ತದೆ. ಟೆಕ್ಸ್ಟ್ ಓನ್ಲಿ ಇಟ್ಟುಬಿಡಿ. ಕೋರಲ್‌ಡ್ರಾ ಪೇಸ್ಟ್ ಮಾಡುವಾಗಲೇ ಒಂದು ಕಿಟಕಿ ತೆರೆದು ಫಾಂಟು, ಫಾರ್ಮ್ಯಾಟ್ ಉಳಿಸಲೋ ಬಿಡಲೋ ಅಂತ ಕೇಳುತ್ತದೆ. ಓದದೆ ಓಕೆ ಒತ್ತಬೇಡಿ. ಏನೂ ಇಲ್ಲದ ಕಡೆ ಮೊದಲು ನೋಟ್‌ಪ್ಯಾಡ್‌ಗೆ ಪೇಸ್ಟ್ ಮಾಡಿ, ಅಲ್ಲಿಂದ ಮತ್ತೆ ಕಾಪಿ ಮಾಡಿ. ಹಳೇ ಉಪಾಯ, ಇವತ್ತಿಗೂ ಕೆಲಸ ಮಾಡುತ್ತದೆ.

ಒಂದು ಎಚ್ಚರಿಕೆ. ಬರೀ ಅಕ್ಷರ ತಂದರೆ ಲೇಖಕರು ದಪ್ಪ ಮಾಡಿದ್ದು, ಓರೆ ಮಾಡಿದ್ದು ಎಲ್ಲ ಹೋಗುತ್ತದೆ. ಕಾರ್ಡಿಗೆ ಪರವಾಗಿಲ್ಲ. ಪುಸ್ತಕಕ್ಕೆ ಇದು ದೊಡ್ಡ ನಷ್ಟ, ಅದಕ್ಕೆ ದಾರಿ ಕೊನೆಯ ಭಾಗದಲ್ಲಿದೆ.

ಪೇಸ್ಟ್ ಇನ್ ಪ್ಲೇಸ್, ಪೇಸ್ಟ್ ಇಂಟು ಅಂತೆಲ್ಲ ಇದೆ. ಇದರಲ್ಲಿ ನಮಗೆ ಬೇಕಾಗೋದು ಯಾವುದು?

ಎರಡೂ ಬೇಕು. ಪುಟದ ಮೂಲೆಯಲ್ಲಿರುವ ಲೋಗೋ ಇನ್ನೊಂದು ಪುಟದಲ್ಲೂ ಕೂದಲೆಳೆ ಆಚೀಚೆ ಆಗದೆ ಅದೇ ಜಾಗದಲ್ಲಿ ಬರಬೇಕಾ? ಪೇಸ್ಟ್ ಇನ್ ಪ್ಲೇಸ್, ಕಂಟ್ರೋಲ್ ಆಲ್ಟ್ ಶಿಫ್ಟ್ ವಿ. ಗಂಡು ಹೆಣ್ಣಿನ ಫೋಟೋ ವೀಳ್ಯದೆಲೆ ಆಕಾರದ ಚೌಕಟ್ಟಿನ ಒಳಗೆ ಕೂರಬೇಕಾ? ಫೋಟೋ ಕಾಪಿ ಮಾಡಿ, ಆಕಾರ ಆರಿಸಿ, ಪೇಸ್ಟ್ ಇಂಟು, ಕಂಟ್ರೋಲ್ ಆಲ್ಟ್ ವಿ.

ಒಂದು ಕಾಪಿ ಮಾಡಿಟ್ಟಿದ್ದೆ, ಮರೆತು ಇನ್ನೊಂದು ಕಾಪಿ ಮಾಡಿಬಿಟ್ಟೆ. ಮೊದಲನೇದು ಹೋಯ್ತಾ ಅಕ್ಕಾ?

ವಿಂಡೋಸ್ 10ರ 2018ರ ಅಕ್ಟೋಬರ್ ಅಪ್‌ಡೇಟ್‌ನಿಂದ ಈಚೆಗೆ ಕ್ಲಿಪ್‌ಬೋರ್ಡ್ ಹಿಸ್ಟರಿ ಇದೆ. ವಿಂಡೋಸ್ ಕೀಲಿ ಜೊತೆ ವಿ ಒತ್ತಿ. ಮೊದಲ ಸಲ ಅದನ್ನು ಆನ್ ಮಾಡಬೇಕು, ಆನ್ ಮಾಡುವ ಮುಂಚಿನದ್ದು ಸಿಗುವುದಿಲ್ಲ. ಕೊನೆಯ 25 ಕಾಪಿಗಳು ಅಲ್ಲಿರುತ್ತವೆ, ಕಂಪ್ಯೂಟರ್ ಆರಿಸಿದರೆ ಹೋಗುತ್ತವೆ. ಹತ್ತು ಜನರ ಹೆಸರು, ವಿಳಾಸ ಒಂದೊಂದಾಗಿ ತರುವಾಗ ಇದು ತುಂಬಾ ಸಹಾಯ. ಆದರೆ ಅಂಗಡಿಯಲ್ಲಿ ಒಂದೇ ಕಂಪ್ಯೂಟರ್‌ನಲ್ಲಿ ಹಲವರು ಕೂರುತ್ತಾರೆ ಅಂದರೆ ಗಿರಾಕಿಯ ಆಧಾರ್ ನಂಬರ್, ಬ್ಯಾಂಕ್ ಖಾತೆ ಕಾಪಿ ಮಾಡಿದ ಮೇಲೆ ಹಿಸ್ಟರಿ ಖಾಲಿ ಮಾಡಿ. ಅವರು ನಂಬಿ ಕೊಟ್ಟಿರುತ್ತಾರೆ.

## ಕನ್ನಡಕ್ಕೇ ಬರುವ ತೊಂದರೆಗಳು

ನುಡಿಯಲ್ಲಿ ಟೈಪ್ ಮಾಡಿದ್ದನ್ನ ಪೇಸ್ಟ್ ಮಾಡಿದ್ರೆ ತಲೆ ಮೇಲೆ ಗೆರೆ, ಚುಕ್ಕೆ ಇರೋ ಇಂಗ್ಲಿಷ್ ಅಕ್ಷರ ಬರ್ತಿದೆ. ಫೈಲ್ ಹಾಳಾಯ್ತಾ?

ಹಾಳಾಗಿಲ್ಲ, ಗಾಬರಿ ಬೇಡ. ನಾನು ಅತಿ ಜಾಸ್ತಿ ಸಲ ಉತ್ತರಿಸಿರುವ ಪ್ರಶ್ನೆ ಇದು, ಸ್ವಲ್ಪ ನಿಧಾನವಾಗಿಯೇ ಹೇಳುತ್ತೇನೆ.

ನುಡಿ, ಬರಹ, ಶ್ರೀಲಿಪಿ ಅನ್ನುವ ಕನ್ನಡ ಟೈಪಿಂಗ್ ತಂತ್ರಾಂಶಗಳು ಶುರುವಾದ ಕಾಲದಲ್ಲಿ ನಮ್ಮ ಕಂಪ್ಯೂಟರುಗಳಿಗೆ ಕನ್ನಡ ಅಂತ ಒಂದು ಲಿಪಿ ಇದೆ ಅನ್ನುವುದೇ ಸರಿಯಾಗಿ ಗೊತ್ತಿರಲಿಲ್ಲ. ಅದಕ್ಕೆ ಒಂದು ಉಪಾಯ ಮಾಡಿದರು. ಇಂಗ್ಲಿಷ್ ಮತ್ತು ಯುರೋಪಿನ ಅಕ್ಷರಗಳಿಗೆ ಮೀಸಲಾಗಿದ್ದ ಮನೆಗಳಲ್ಲಿ, ಅಂದರೆ ಸಂಕೇತ ಸಂಖ್ಯೆಗಳಲ್ಲಿ, ಕನ್ನಡದ ತುಂಡುಗಳ ಚಿತ್ರ ಕೂರಿಸಿದರು. 'ಕ' ಅನ್ನುವುದರ ಮೈ ಒಂದು ಮನೆಯಲ್ಲಿ, ತಲೆಕಟ್ಟು ಇನ್ನೊಂದು ಮನೆಯಲ್ಲಿ, ಒತ್ತು ಮತ್ತೊಂದರಲ್ಲಿ. ಪರದೆಯ ಮೇಲೆ ಕನ್ನಡ ಕಾಣುತ್ತದೆ, ಫೈಲಿನ ಒಳಗೆ ಇರುವುದು ಮಾತ್ರ ಆ ಯುರೋಪಿನ ಅಕ್ಷರಗಳೇ. ಇವನ್ನು ನಾವು ಅಂಗಡಿ ಭಾಷೆಯಲ್ಲಿ ಆಸ್ಕಿ ಫಾಂಟು ಅನ್ನುತ್ತೇವೆ. ನೀವು ಪೇಸ್ಟ್ ಮಾಡಿದ ಕಡೆ ನುಡಿ ಫಾಂಟು ಹತ್ತಲಿಲ್ಲ ಅಂದರೆ ಮುಸುಕು ಸರಿದು ಒಳಗಿದ್ದದ್ದು ಕಾಣುತ್ತದೆ, ಅಷ್ಟೇ.

ಪರಿಹಾರ ಎರಡು. ತಕ್ಷಣದ್ದು ಬೇಕಾದರೆ ಆ ಅಕ್ಷರಗಳನ್ನು ಸೆಲೆಕ್ಟ್ ಮಾಡಿ, ಮೂಲ ಫೈಲಿನಲ್ಲಿದ್ದ ಅದೇ ಫಾಂಟು ಹಾಕಿ. ನುಡಿಯಲ್ಲಿ ಟೈಪ್ ಮಾಡಿದ್ದಕ್ಕೆ ನುಡಿ, ಬರಹದ್ದಕ್ಕೆ ಬರಹ, ಶ್ರೀಲಿಪಿಯದ್ದಕ್ಕೆ ಶ್ರೀಲಿಪಿ. ಒಬ್ಬೊಬ್ಬರದು ಒಂದೊಂದು ಮನೆಯ ಲೆಕ್ಕ, ಅದಲು ಬದಲು ಮಾಡಿದರೆ ಕನ್ನಡದಂತೆ ಕಾಣುವ ಆದರೆ ಓದಲಾಗದ ಏನೋ ಬರುತ್ತದೆ. ಎರಡನೆಯದು, ನಾನು ಎಲ್ಲರಿಗೂ ಹೇಳುವುದು: ಯುನಿಕೋಡ್‌ಗೆ ಬದಲಿಸಿಕೊಳ್ಳಿ. ಯುನಿಕೋಡ್ ಅಂದರೆ ಒಂದೊಂದು ಲಿಪಿಗೂ ಬೇರೆ ಬೇರೆ ಮನೆ ಕೊಡುವ ಜಾಗತಿಕ ಪದ್ಧತಿ, ಅದರಲ್ಲಿ ಕನ್ನಡಕ್ಕೆ 1991ರಿಂದಲೇ ಸ್ವಂತ ಮನೆಗಳಿವೆ. 'ಕ' ಅಂದರೆ ಯಾವ ಫಾಂಟಿನಲ್ಲೂ, ಯಾವ ಫೋನಿನಲ್ಲೂ 'ಕ'ನೇ. ಹುಡುಕಬಹುದು, ಅಕಾರಾದಿ ಜೋಡಿಸಬಹುದು, ಇಪ್ಪತ್ತು ವರ್ಷ ಬಿಟ್ಟು ತೆರೆದರೂ ಓದಬಹುದು. ನುಡಿ ತಂತ್ರಾಂಶದಲ್ಲೇ ಆಸ್ಕಿಯಿಂದ ಯುನಿಕೋಡ್‌ಗೆ ಬದಲಿಸುವ ಸೌಲಭ್ಯ ಇದೆ, ಬರಹದಲ್ಲೂ ಇದೆ.

ಹಳಬರು ಒಂದು ಭಯ ಹೇಳುತ್ತಾರೆ, ಯುನಿಕೋಡ್ ಅಂದರೆ ಹೊಸ ಕೀಲಿಮಣೆ ಕಲಿಯಬೇಕಲ್ಲ ಅಂತ. ಬೇಕಾಗಿಲ್ಲ. ಕೆ.ಪಿ. ರಾವ್ ಅವರು ರೂಪಿಸಿದ, ನಿಮ್ಮ ಬೆರಳಿಗೆ ಕೂತಿರುವ ಅದೇ ವಿನ್ಯಾಸದಲ್ಲಿ ನುಡಿಯಲ್ಲೇ ಯುನಿಕೋಡ್ ಟೈಪ್ ಮಾಡಬಹುದು.

ವಾಟ್ಸಾಪ್‌ನಲ್ಲಿ ಬಂದ ಕನ್ನಡ ಪೇಜ್‌ಮೇಕರ್‌ಗೆ ಪೇಸ್ಟ್ ಮಾಡಿದ್ರೆ ಬರೀ ಪ್ರಶ್ನೆ ಗುರುತು ಸಾಲಾಗಿ ಬರುತ್ತೆ. ಯಾಕೆ?

ವಾಟ್ಸಾಪ್‌ನಲ್ಲಿ ಇರುವುದು ಯುನಿಕೋಡ್, ಪೇಜ್‌ಮೇಕರ್‌ಗೆ ಯುನಿಕೋಡ್ ಬರುವುದಿಲ್ಲ. 1985ರಲ್ಲಿ ಆಲ್ಡಸ್ ಕಂಪನಿ ತಂದ ಸಾಫ್ಟ್‌ವೇರ್ ಅದು. 1994ರಲ್ಲಿ ಅಡೋಬಿ ಕೈಗೆ ಬಂತು, 2001ರ 7.0 ಆವೃತ್ತಿಗೆ ನಿಂತಿತು. ಅದಕ್ಕೆ ಗೊತ್ತಿಲ್ಲದ ಪ್ರತಿ ಅಕ್ಷರದ ಜಾಗದಲ್ಲೂ ಒಂದೊಂದು ಪ್ರಶ್ನೆ ಗುರುತು ಕೂರುತ್ತದೆ. ಅಲ್ಲಿ ಯಾವ ಫಾಂಟು ಹಾಕಿದರೂ ಕನ್ನಡ ವಾಪಸ್ ಬರುವುದಿಲ್ಲ, ಅಕ್ಷರ ನಿಜವಾಗಿಯೂ ಕಳೆದುಹೋಗಿರುತ್ತದೆ. ಪೇಜ್‌ಮೇಕರ್‌ನಲ್ಲೇ ಮಾಡಬೇಕು ಅಂದರೆ ಮೊದಲು ಯುನಿಕೋಡ್‌ನಿಂದ ಆಸ್ಕಿಗೆ ಬದಲಿಸಿ, ಆಮೇಲೆ ಪೇಸ್ಟ್ ಮಾಡಿ, ಆಮೇಲೆ ನುಡಿ ಫಾಂಟು ಹಾಕಿ. ಪೇಜ್‌ಮೇಕರ್ ಮೇಲೆ ನಮ್ಮ ಬೆಂಗಳೂರಿನ ಪ್ರೆಸ್‌ಗಳಿಗೆ ಇರುವ ಪ್ರೀತಿ ನನಗೆ ಗೊತ್ತು, ನಾನೂ ಅದರಲ್ಲೇ ಕಲಿತವಳು. ಆದರೂ ಹೊಸ ಕೆಲಸ ಅದರಲ್ಲಿ ಶುರು ಮಾಡಬೇಡಿ ಅಂತಲೇ ಹೇಳುತ್ತೇನೆ.

ಇನ್‌ಡಿಸೈನ್‌ನಲ್ಲಿ ಯುನಿಕೋಡ್ ಪೇಸ್ಟ್ ಆಗುತ್ತೆ. ಆದ್ರೆ ಒತ್ತಕ್ಷರ ಕೆಳಗೆ ಹೋಗದೆ ಪಕ್ಕದಲ್ಲಿ ನಿಂತಿದೆ, 'ಅಮ್ಮ' ಅನ್ನೋದು 'ಅಮ್‌ಮ' ಆಗಿದೆ.

ಅಕ್ಷರ ಸರಿಯಾಗಿಯೇ ಬಂದಿದೆ, ಅದನ್ನು ಜೋಡಿಸುವ ಯಂತ್ರ ತಪ್ಪಾಗಿದೆ. ಇನ್‌ಡಿಸೈನ್‌ನಲ್ಲಿ ಸಾಲು ಕಟ್ಟಲು ಬೇರೆ ಬೇರೆ ಕಂಪೋಸರ್‌ಗಳಿವೆ. ಸಾಮಾನ್ಯ ಕಂಪೋಸರ್‌ಗೆ ಇಂಗ್ಲಿಷ್ ಥರದ ಲಿಪಿಗಳು ಮಾತ್ರ ಗೊತ್ತು, ಭಾರತದ ಲಿಪಿಗಳಿಗೆ ವರ್ಲ್ಡ್-ರೆಡಿ ಕಂಪೋಸರ್ ಬೇಕು. ಪ್ಯಾರಾ ಸೆಲೆಕ್ಟ್ ಮಾಡಿ, ಪ್ಯಾರಾಗ್ರಾಫ್ ಪ್ಯಾನೆಲ್‌ನ ಮೆನು ತೆರೆದು, ಅಡೋಬಿ ವರ್ಲ್ಡ್-ರೆಡಿ ಪ್ಯಾರಾಗ್ರಾಫ್ ಕಂಪೋಸರ್ ಆರಿಸಿ. ಒತ್ತುಗಳು ತಕ್ಷಣ ಜಾಗಕ್ಕೆ ಹೋಗಿ ಕೂರುತ್ತವೆ. 2012ರ ಸಿಎಸ್6ರಿಂದ ಭಾರತೀಯ ಭಾಷೆಗಳಿಗೆ ಇದು ಸಿಗುತ್ತಿದೆ, ಅದಕ್ಕಿಂತ ಹಳೆಯದು ಇದ್ದರೆ ಯುನಿಕೋಡ್ ಕನ್ನಡದ ಆಸೆ ಬಿಡಿ.

ಪ್ರತಿ ಸಲ ಹೀಗೆ ಮಾಡುತ್ತಾ ಕೂರಬೇಡಿ. ಪ್ಯಾರಾಗ್ರಾಫ್ ಸ್ಟೈಲ್‌ನ ಜಸ್ಟಿಫಿಕೇಷನ್ ಭಾಗದಲ್ಲಿ ಕಂಪೋಸರ್ ಅನ್ನು ಒಂದೇ ಸಲ ಇಟ್ಟುಬಿಡಿ. ಫೋಟೋಶಾಪ್‌ನ ಹಳೇ ಆವೃತ್ತಿಗಳಲ್ಲೂ ಇದೇ ಗೋಳು, ಅಲ್ಲೂ ಟೈಪ್ ಪ್ರಿಫರೆನ್ಸ್‌ನಲ್ಲಿ ವರ್ಲ್ಡ್-ರೆಡಿ ಆರಿಸಬೇಕು. ದುಡ್ಡಿಲ್ಲದೆ ಕೆಲಸ ಆಗಬೇಕು ಅನ್ನುವವರಿಗೆ ಸ್ಕ್ರೈಬಸ್ ಇದೆ. ಅದರ 1.6 ಆವೃತ್ತಿಯಲ್ಲಿ ಕನ್ನಡದ ಒತ್ತು ಸರಿಯಾಗಿ ಕೂರುತ್ತದೆ.

ಪೇಸ್ಟ್ ಮಾಡಿದ ಮೇಲೆ ಕೆಲವು ಪದದ ಹಿಂದೆ ಗುಲಾಬಿ ಬಣ್ಣ ಬರುತ್ತಲ್ಲ, ಅದೇನು?

ಫಾಂಟು ಸಿಗುತ್ತಿಲ್ಲ ಅಂತ ಇನ್‌ಡಿಸೈನ್ ತೋರಿಸುತ್ತಿದೆ. ಒಂದು, ನೀವು ಹಾಕಿದ ಫಾಂಟಿನಲ್ಲಿ ಕನ್ನಡವೇ ಇಲ್ಲ. ನೋಟೋ ಸೆರಿಫ್ ಕನ್ನಡ, ಟೈರೋ ಕನ್ನಡ, ಅನೇಕ್ ಕನ್ನಡ, ಬಾಲೂ ತಮ್ಮ ಥರದ ಯುನಿಕೋಡ್ ಫಾಂಟು ಹಾಕಿದರೆ ಸರಿಹೋಗುತ್ತದೆ, ಇವು ಉಚಿತವಾಗಿ ಸಿಗುತ್ತವೆ. ಇನ್ನೊಂದು ಕಾರಣ ಜನಕ್ಕೆ ಬೇಗ ಹೊಳೆಯುವುದಿಲ್ಲ. ಫಾಂಟಿನಲ್ಲಿ ದಪ್ಪ ಅಕ್ಷರ ಇಲ್ಲದಿದ್ದರೂ ವರ್ಡ್ ಅದನ್ನು ಊದಿಸಿ ದಪ್ಪ ಮಾಡಿ ತೋರಿಸುತ್ತದೆ, ಇಲ್ಲದ ಓರೆಯನ್ನು ವಾಲಿಸಿ ತೋರಿಸುತ್ತದೆ. ಇನ್‌ಡಿಸೈನ್ ಹಾಗೆ ಮಾಡುವುದಿಲ್ಲ, ಇಲ್ಲದ್ದು ಇಲ್ಲ ಅನ್ನುತ್ತದೆ. ಕನ್ನಡ ಫಾಂಟುಗಳಲ್ಲಿ ಓರೆ ಅಕ್ಷರ ಇರುವುದು ಬಹಳ ಕಡಿಮೆ. ಪುಸ್ತಕದ ಹೆಸರು, ಒತ್ತಿ ಹೇಳುವ ಮಾತು ಇದ್ದರೆ ಒಂಟಿ ಉದ್ಧರಣ ಚಿಹ್ನೆ ಹಾಕಿ, ಕನ್ನಡದ ಕಣ್ಣಿಗೆ ಅದೇ ಚೆಂದ.

ಯುನಿಕೋಡ್‌ಗೆ ಕನ್ವರ್ಟ್ ಮಾಡಿದೆ. ಕನ್ನಡ ಎಲ್ಲಾ ಸರಿ ಇದೆ, ಮಧ್ಯದ ಇಂಗ್ಲಿಷ್ ಹೆಸರು, ಇಮೇಲ್ ಮಾತ್ರ ಅರ್ಥವಿಲ್ಲದ ಕನ್ನಡ ಆಗಿದೆ.

ಕನ್ವರ್ಟರ್‌ಗೆ ನೀವು ಬರೀ ಅಕ್ಷರ ಕೊಟ್ಟಿರಿ, ಫಾಂಟಿನ ಮಾಹಿತಿ ಕೊಡಲಿಲ್ಲ. ಆಸ್ಕಿ ಕನ್ನಡವೂ ಇಂಗ್ಲಿಷ್ ಅಕ್ಷರವೇ, ನಿಜವಾದ ಇಂಗ್ಲಿಷೂ ಇಂಗ್ಲಿಷ್ ಅಕ್ಷರವೇ. ಯಾವುದು ಯಾವುದು ಅಂತ ಅದಕ್ಕೆ ಹೇಗೆ ಗೊತ್ತಾಗಬೇಕು? ಎಲ್ಲವನ್ನೂ ಕನ್ನಡ ಅಂದುಕೊಂಡು ಬದಲಿಸಿತು. ನಾನು ಮಾಡುವುದು ಹೀಗೆ. ಬದಲಿಸುವ ಮೊದಲು ವರ್ಡ್‌ನ ಹುಡುಕುವ ಕಿಟಕಿಯಲ್ಲಿ ಫಾಂಟಿನ ಲೆಕ್ಕದಲ್ಲಿ ಹುಡುಕಿ, ಇಂಗ್ಲಿಷ್ ಫಾಂಟಿನಲ್ಲಿರುವುದನ್ನೆಲ್ಲ ಒಂದು ಬೇರೆ ಹಾಳೆಗೆ ಬರೆದಿಟ್ಟುಕೊಳ್ಳುತ್ತೇನೆ, ಆ ಜಾಗಗಳಿಗೆ ಬಣ್ಣ ಹಾಕಿ ಮೂಲ ಫೈಲನ್ನು ಪ್ರಿಂಟ್ ತೆಗೆಯುತ್ತೇನೆ. ಬದಲಿಸಿದ ಮೇಲೆ ಪ್ರಿಂಟ್ ನೋಡಿಕೊಂಡು ಒಂದೊಂದಾಗಿ ವಾಪಸ್ ಕೂರಿಸುತ್ತೇನೆ. ಎರಡು ನೂರು ಪುಟದ ಪುಸ್ತಕಕ್ಕೆ ಅರ್ಧ ದಿನ ಹಿಡಿಯುತ್ತದೆ. ಬೇರೆ ಸುಲಭದ ದಾರಿ ಅಂತ ಆತುರಪಟ್ಟರೆ ಇಮೇಲ್ ವಿಳಾಸದ ಒಂದಕ್ಷರ ತಪ್ಪಿ ಅಚ್ಚಾಗುತ್ತದೆ.

ಫೋನ್ ನಂಬರ್ ಇದ್ದಕ್ಕಿದ್ದಂತೆ ಕನ್ನಡ ಅಂಕಿ ಆಗಿಬಿಟ್ಟಿದೆ!

ನುಡಿ ಫಾಂಟುಗಳಲ್ಲಿ ಹೆಸರಿನ ಕೊನೆಗೆ 'ಇ' (e) ಇದ್ದರೆ ಇಂಗ್ಲಿಷ್ ಅಂಕಿ, 'ಕೆ' (k) ಇದ್ದರೆ ಕನ್ನಡ ಅಂಕಿ. ಪೇಸ್ಟ್ ಆದ ಕಡೆ ಕೆ ಹತ್ತಿದೆ. ನಂಬರ್ ಸೆಲೆಕ್ಟ್ ಮಾಡಿ ಇ ಹಾಕಿ.

'ರಾಜ್‌ಕುಮಾರ್' ಅಂತ ಟೈಪ್ ಮಾಡಿದ್ದು ಪುಟದಲ್ಲಿ 'ರಾಜ್ಕುಮಾರ್' ಅಂತ ಬಂದಿದೆ. ನಾವು ತಪ್ಪು ಟೈಪ್ ಮಾಡಿಲ್ಲ, ಆಣೆ.

ನಂಬುತ್ತೇನೆ. 'ಜ್' ಮತ್ತು 'ಕು' ನಡುವೆ ಕಣ್ಣಿಗೆ ಕಾಣದ ಒಂದು ಅಕ್ಷರ ಇರಬೇಕು. ಎರಡನ್ನೂ ಸೇರಿಸಬೇಡ ಅಂತ ಹೇಳುವುದೇ ಅದರ ಕೆಲಸ, ಅದಕ್ಕೆ ನಾನ್-ಜಾಯ್ನರ್ ಅನ್ನುತ್ತಾರೆ. ಅದು ಬಿದ್ದುಹೋದರೆ ಯುನಿಕೋಡ್ ನಿಯಮದಂತೆ 'ಕ' ಒತ್ತಾಗಿ ಕೆಳಗೆ ಇಳಿಯುತ್ತದೆ. ಸಾಫ್ಟ್‌ವೇರ್ 'ಸಾಫ್ಟ್ವೇರ್' ಆಗುವುದೂ ಹೀಗೇ. ಆಸ್ಕಿಯಿಂದ ಬದಲಿಸಿದ ಫೈಲಿನಲ್ಲಿ ಇದು ಜಾಸ್ತಿ, ಯಾಕೆಂದರೆ ಆಸ್ಕಿಯಲ್ಲಿ ತುಂಡುಗಳು ತಾವಾಗಿಯೇ ಬಿಡಿಬಿಡಿಯಾಗಿ ನಿಲ್ಲುತ್ತಿದ್ದವು, ಈ ಕಾಣದ ಅಕ್ಷರದ ಅಗತ್ಯವೇ ಇರಲಿಲ್ಲ. 'ರ‍್ಯಾಂಕ್' ಬರೆದದ್ದು 'ರ್ಯಾಂಕ್' ಆಗುವುದು ಇದರದೇ ತಂಗಿ, ಅಲ್ಲಿ ಬಿದ್ದುಹೋಗಿರುವುದು ಜಾಯ್ನರ್.

ಇನ್‌ಡಿಸೈನ್‌ನಲ್ಲಿ ಟೈಪ್ ಮೆನುವಿನ ಇನ್ಸರ್ಟ್ ಸ್ಪೆಷಲ್ ಕ್ಯಾರೆಕ್ಟರ್ ಒಳಗೆ, ಅದರ್ ಅನ್ನುವ ಕಡೆ ನಾನ್-ಜಾಯ್ನರ್ ಸಿಗುತ್ತದೆ. ಪುಸ್ತಕದಲ್ಲಿ ಒಂದೇ ಹೆಸರು ನೂರು ಸಲ ಬಂದಿದ್ದರೆ ಒಂದು ಕಡೆ ಸರಿ ಮಾಡಿ, ಅದನ್ನೇ ಕಾಪಿ ಮಾಡಿ, ಫೈಂಡ್-ಚೇಂಜ್ ಕಿಟಕಿಯಲ್ಲಿ ಪೇಸ್ಟ್ ಮಾಡಿ ಎಲ್ಲವನ್ನೂ ಬದಲಿಸಿ. ಜನರ ಹೆಸರಿನ ವಿಷಯದಲ್ಲಿ ನಾನು ಇದನ್ನು ಬಿಡುವುದೇ ಇಲ್ಲ. ತಮ್ಮ ಹೆಸರು ಅಚ್ಚಿನಲ್ಲಿ ನೋಡಲು ಕಾದು ಕೂತವರಿಗೆ ಒತ್ತು ಬಿದ್ದ ಹೆಸರು ಕೊಡಬಾರದು.

ಪಿಡಿಎಫ್‌ನಿಂದ ಕನ್ನಡ ಕಾಪಿ ಮಾಡಿದ್ರೆ ಅರ್ಧ ಅಕ್ಷರ ಕಾಣೆ. ಪಿಡಿಎಫ್‌ನಲ್ಲಿ ಚೆನ್ನಾಗೇ ಕಾಣ್ತಿದೆಯಲ್ಲ?

ಪಿಡಿಎಫ್ ಮಾಡುವುದು ಪುಟದ ನೋಟವನ್ನು ಕಾಪಾಡಲು. ಅದರೊಳಗೆ ಅಕ್ಷರದ ಆಕಾರಗಳು, ಅವು ನಿಲ್ಲುವ ಜಾಗ ಇರುತ್ತವೆ. ಯಾವ ಆಕಾರ ಯಾವ ಅಕ್ಷರ ಅನ್ನುವ ಪಟ್ಟಿ ಜೊತೆಗಿದ್ದರೂ ಕನ್ನಡಕ್ಕೆ ಅದು ಸಾಲುವುದಿಲ್ಲ. 'ಧರ್ಮ' ಅನ್ನುವುದನ್ನೇ ನೋಡಿ. ಓದುವಾಗ ಅರ್ಧ 'ರ' ಮೊದಲು, 'ಮ' ಆಮೇಲೆ. ಕಣ್ಣಿಗೆ ಕಾಣುವುದು 'ಮ' ಮೊದಲು, ಅರ್ಕಾವತ್ತು ಆಮೇಲೆ. ಪಿಡಿಎಫ್ ಕಣ್ಣಿಗೆ ಕಂಡ ಕ್ರಮದಲ್ಲಿ ಕೊಡುತ್ತದೆ, ಪದ ಕೆಡುತ್ತದೆ. ಆಸ್ಕಿ ಫಾಂಟಿನಲ್ಲಿ ಮಾಡಿದ ಪಿಡಿಎಫ್ ಆದರೆ ಬರುವುದು ಮತ್ತೆ ಆ ಯುರೋಪಿನ ಅಕ್ಷರಗಳೇ, ಅದನ್ನು ಕನ್ವರ್ಟರ್‌ಗೆ ಕೊಟ್ಟು ನೋಡಬಹುದು, ಎಷ್ಟೋ ಸಲ ಯುನಿಕೋಡ್ ಪಿಡಿಎಫ್‌ಗಿಂತ ಅದೇ ಚೆನ್ನಾಗಿ ಬರುತ್ತದೆ.

ಮೂಲ ಫೈಲ್ ಕೇಳಿ ತರಿಸಿಕೊಳ್ಳುವುದೇ ಸರಿಯಾದ ದಾರಿ. ಸಿಗದಿದ್ದರೆ ಪಿಡಿಎಫ್ ಅನ್ನು ಗೂಗಲ್ ಡ್ರೈವ್‌ಗೆ ಹಾಕಿ ಗೂಗಲ್ ಡಾಕ್ಸ್‌ನಲ್ಲಿ ತೆರೆಯಿರಿ, ಅದು ಪುಟದ ಚಿತ್ರ ನೋಡಿ ಅಕ್ಷರ ಗುರುತಿಸುತ್ತದೆ. ಟೆಸರಾಕ್ಟ್ ಅನ್ನುವ ಉಚಿತ ತಂತ್ರಾಂಶಕ್ಕೂ ಕನ್ನಡ ಗೊತ್ತು. ಎರಡರಲ್ಲೂ ಅಕ್ಷರ ತಪ್ಪು ಇದ್ದೇ ಇರುತ್ತದೆ, ಮೂಲದ ಜೊತೆ ಸಾಲು ಸಾಲು ಹೋಲಿಸಿ.

## ಚಿತ್ರ, ಟೇಬಲ್, ಬಣ್ಣ

ಇಮೇಲ್‌ನಿಂದ ಪೇಸ್ಟ್ ಮಾಡಿದ ಲೇಖನದಲ್ಲಿ ಪ್ರತಿ ಸಾಲೂ ಅರ್ಧಕ್ಕೆ ಮುರಿದು ಕೆಳಗೆ ಬರುತ್ತೆ. ಒಂದೊಂದೇ ಸರಿ ಮಾಡ್ತಾ ಕೂತಿದೀನಿ.

ಬೇಡ, ನಿಲ್ಲಿಸಿ. ಟೈಪ್ ಮೆನುವಿನಲ್ಲಿ ಶೋ ಹಿಡನ್ ಕ್ಯಾರೆಕ್ಟರ್ಸ್ ಒತ್ತಿದರೆ ಸಾಲಿನ ಕೊನೆಗೆ ಏನಿದೆ ಅಂತ ಕಾಣುತ್ತದೆ. ಪ್ಯಾರಾ ಮುಗಿಯುವ ಕಡೆ ಎರಡು ಎಂಟರ್ ಇರುತ್ತದೆ, ಮುರಿದ ಸಾಲಿಗೆ ಒಂದು. ಫೈಂಡ್-ಚೇಂಜ್‌ನಲ್ಲಿ ಮೊದಲು ಎರಡು ಎಂಟರ್ ಇರುವ ಕಡೆ ಎಲ್ಲೂ ಬರದ ಒಂದು ಗುರುತು ಹಾಕಿ, ನಾನು ಮೂರು ನಕ್ಷತ್ರ ಹಾಕುತ್ತೇನೆ. ಆಮೇಲೆ ಉಳಿದ ಒಂಟಿ ಎಂಟರ್‌ಗಳನ್ನೆಲ್ಲ ಒಂದು ಸ್ಪೇಸ್ ಮಾಡಿ. ಕೊನೆಗೆ ನಕ್ಷತ್ರ ಇದ್ದ ಕಡೆ ಒಂದು ಎಂಟರ್. ಮೂರೇ ಹೆಜ್ಜೆ. ಪದ್ಯ ಇರುವ ಲೇಖನಕ್ಕೆ ಮಾತ್ರ ಇದನ್ನು ಕಣ್ಣು ಮುಚ್ಚಿ ಮಾಡಬೇಡಿ, ಪದ್ಯದ ಸಾಲುಗಳೂ ಗದ್ಯವಾಗಿಬಿಡುತ್ತವೆ. ಎರಡೆರಡು ಸ್ಪೇಸ್ ತೆಗೆಯಲು ಅದೇ ಕಿಟಕಿಯ ಕ್ವೆರಿ ಪಟ್ಟಿಯಲ್ಲಿ ಸಿದ್ಧ ಸೂತ್ರ ಇದೆ.

ವರ್ಡ್‌ನಲ್ಲಿರೋ ಫೋಟೋನ ಸುಮ್ನೆ ಕಾಪಿ ಮಾಡಿ ಪೇಸ್ಟ್ ಮಾಡಿದ್ರೆ ಆಗಲ್ವಾ?

ಪರದೆಯಲ್ಲಿ ಚೆನ್ನಾಗಿ ಕಾಣುತ್ತದೆ, ಅಚ್ಚಿನಲ್ಲಿ ಮಂಜು ಮುಸುಕಿದಂತೆ ಬರುತ್ತದೆ. ಅಕ್ಷರಕ್ಕೆ ಪೇಸ್ಟ್, ಚಿತ್ರಕ್ಕೆ ಪ್ಲೇಸ್ ಅಂತ ಇಟ್ಟುಕೊಳ್ಳಿ. ಕಂಟ್ರೋಲ್ ಡಿ ಒತ್ತಿ ಮೂಲ ಚಿತ್ರವನ್ನೇ ತಂದರೆ ಲಿಂಕ್ಸ್ ಪ್ಯಾನೆಲ್‌ನಲ್ಲಿ ಅದರ ಹೆಸರು, ಅಳತೆ ಎಲ್ಲ ಕಾಣುತ್ತದೆ, ನಾಳೆ ಫೋಟೋ ತಿದ್ದಿ ಲಿಂಕ್ ಅಪ್‌ಡೇಟ್ ಮಾಡಿದರೆ ಪುಟದಲ್ಲೂ ಬದಲಾಗುತ್ತದೆ. ಪೇಸ್ಟ್ ಮಾಡಿದ್ದಕ್ಕೆ ಈ ಯಾವ ಸಂಬಂಧವೂ ಇರುವುದಿಲ್ಲ.

ಅಚ್ಚಿಗೆ ಇಂಚಿಗೆ 300 ಚುಕ್ಕೆ ಲೆಕ್ಕ. ವಾಟ್ಸಾಪ್‌ನಲ್ಲಿ ಬಂದ ಫೋಟೋ 1600 ಪಿಕ್ಸೆಲ್ ಅಗಲ ಇದ್ದರೆ ಐದು ಇಂಚು ಚಿಲ್ಲರೆ ಅಗಲಕ್ಕೆ ಸಾಕು, ಪೂರ್ತಿ ಎ4 ಮುಖಪುಟಕ್ಕೆ ಸಾಲದು. ಫೋಟೋ ಆಗಿ ಕಳಿಸಬೇಡಿ, ಡಾಕ್ಯುಮೆಂಟ್ ಆಗಿ ಕಳಿಸಿ ಅಂತ ಗಿರಾಕಿಗೆ ಹೇಳಿ, ಆಗ ಮೂಲದ ಅಳತೆಯಲ್ಲೇ ಬರುತ್ತದೆ.

ಎಕ್ಸೆಲ್‌ನ ಟೇಬಲ್ ಪೇಸ್ಟ್ ಮಾಡಿದ್ರೆ ಬರೀ ಟ್ಯಾಬ್ ಹಾಕಿದ ಸಾಲು ಬರುತ್ತೆ.

ಟೆಕ್ಸ್ಟ್ ಓನ್ಲಿ ಇಟ್ಟಿರುವುದರಿಂದ ಹಾಗೆ. ನನ್ನ ಮಟ್ಟಿಗೆ ಅದೇ ಒಳ್ಳೆಯದು. ಸಾಲುಗಳನ್ನು ಸೆಲೆಕ್ಟ್ ಮಾಡಿ ಟೇಬಲ್ ಮೆನುವಿನಲ್ಲಿ ಕನ್ವರ್ಟ್ ಟೆಕ್ಸ್ಟ್ ಟು ಟೇಬಲ್ ಕೊಟ್ಟರೆ ನಿಮ್ಮದೇ ಸ್ಟೈಲ್‌ನ ಟೇಬಲ್ ಬರುತ್ತದೆ, ಎಕ್ಸೆಲ್‌ನ ಬಣ್ಣ, ಗೆರೆ ಬರುವುದಿಲ್ಲ. ಎರಡನೇ ಸಲ ಬರೀ ಅಂಕಿ ಬದಲಾದರೆ ಹೊಸ ಟೇಬಲ್ ಮಾಡಬೇಡಿ. ಹಳೇ ಟೇಬಲ್‌ನ ಅಷ್ಟೇ ಮನೆಗಳನ್ನು ಸೆಲೆಕ್ಟ್ ಮಾಡಿ ಮೇಲೇ ಪೇಸ್ಟ್ ಮಾಡಿ.

ಪ್ರೆಸ್‌ನವರು ಕಪ್ಪು ಅಕ್ಷರ ನಾಲ್ಕೂ ಪ್ಲೇಟ್‌ನಲ್ಲಿ ಬಂದಿದೆ ಅಂತಾರೆ. ನಾವು ಹಾಕಿದ್ದು ಬರೀ ಕಪ್ಪು.

ನೀವು ಹಾಕಿದ್ದಲ್ಲ, ವರ್ಡ್ ಜೊತೆ ಬಂದದ್ದು. ಸ್ವಾಚಸ್ ಪ್ಯಾನೆಲ್ ನೋಡಿ, 'ವರ್ಡ್' ಅಂತ ಶುರುವಾಗಿ ಆರ್ 0, ಜಿ 0, ಬಿ 0 ಅಂತ ಹೆಸರಿರುವ ಒಂದು ಬಣ್ಣ ಸೇರಿಕೊಂಡಿರಬಹುದು. ಅದು ಪರದೆಯ ಕಪ್ಪು. ಅಚ್ಚಿಗೆ ಹೋದಾಗ ನಾಲ್ಕು ಶಾಯಿಗಳಲ್ಲಿ ಹಂಚಿಹೋಗುತ್ತದೆ, ಪ್ಲೇಟ್ ಕೂದಲೆಳೆ ಜರುಗಿದರೂ ಅಕ್ಷರದ ಸುತ್ತ ಬಣ್ಣದ ನೆರಳು ಬೀಳುತ್ತದೆ. ಕನ್ನಡದ ಸಣ್ಣ ಒತ್ತುಗಳು ಅದರಲ್ಲಿ ಮುಚ್ಚಿಯೇ ಹೋಗುತ್ತವೆ. ಆ ಸ್ವಾಚ್ ಅಳಿಸಿ, ಬದಲಿಗೆ ಏನು ಅಂತ ಕೇಳಿದಾಗ ಬ್ಲ್ಯಾಕ್ ಕೊಡಿ. ವಿಂಡೋ ಮೆನುವಿನ ಔಟ್‌ಪುಟ್ ಒಳಗೆ ಸೆಪರೇಷನ್ಸ್ ಪ್ರಿವ್ಯೂ ತೆರೆದು, ಕಪ್ಪನ್ನು ಮುಚ್ಚಿ ನೋಡಿ. ಅಕ್ಷರ ಪೂರ್ತಿ ಮಾಯವಾದರೆ ಸರಿ ಇದೆ.

## ದೊಡ್ಡ ಕೆಲಸಕ್ಕೆ

300 ಪುಟದ ಕಾದಂಬರಿ ವರ್ಡ್‌ನಲ್ಲಿದೆ. ಅಧ್ಯಾಯ ಅಧ್ಯಾಯವಾಗಿ ಪೇಸ್ಟ್ ಮಾಡ್ಲಾ?

ಇಷ್ಟು ದೊಡ್ಡದಕ್ಕೆ ಪೇಸ್ಟ್ ಬೇಡವೇ ಬೇಡ, ಪ್ಲೇಸ್ ಮಾಡಿ. ಕಂಟ್ರೋಲ್ ಡಿ ಒತ್ತಿ, ಕೆಳಗಿರುವ ಶೋ ಇಂಪೋರ್ಟ್ ಆಪ್ಷನ್ಸ್‌ಗೆ ಟಿಕ್ ಹಾಕಿ ಫೈಲ್ ತೆರೆಯಿರಿ. ಅಲ್ಲಿ ಸ್ಟೈಲ್, ಫಾರ್ಮ್ಯಾಟ್ ತೆಗೆದುಹಾಕು ಅನ್ನುವುದನ್ನು ಆರಿಸಿ, ಅದರ ಕೆಳಗಿನ ಪ್ರಿಸರ್ವ್ ಲೋಕಲ್ ಓವರ್‌ರೈಡ್ಸ್‌ಗೂ ಟಿಕ್ ಹಾಕಿ. ಕಸ ಹೋಗುತ್ತದೆ, ಲೇಖಕರು ಮಧ್ಯೆ ಮಧ್ಯೆ ದಪ್ಪ ಮಾಡಿದ್ದು ಉಳಿಯುತ್ತದೆ. ಆಮೇಲೆ ಶಿಫ್ಟ್ ಹಿಡಿದು ಮೊದಲ ಪುಟದಲ್ಲಿ ಕ್ಲಿಕ್ ಮಾಡಿ, ಬೇಕಾದಷ್ಟು ಪುಟ ತಾನೇ ಹುಟ್ಟಿ ಪೂರ್ತಿ ಕಾದಂಬರಿ ಹರಿದು ಬರುತ್ತದೆ. ಚೌಕಟ್ಟಿನ ಮೂಲೆಯಲ್ಲಿ ಕೆಂಪು ಕೂಡು ಗುರುತು ಕಂಡರೆ ಇನ್ನೂ ಮಾತು ಒಳಗೆ ಉಳಿದಿದೆ ಅಂತ ಅರ್ಥ. ಪೇಸ್ಟ್ ಮಾಡಿದ ಪುಸ್ತಕಗಳಲ್ಲಿ ಅಧ್ಯಾಯದ ಕೊನೆಯ ಪ್ಯಾರಾ ಬಿಟ್ಟುಹೋಗುವುದು ಈ ಗುರುತು ನೋಡದೆ ಇರುವುದರಿಂದಲೇ.

ಒಂದು ಫೈಲ್‌ನಿಂದ ಇನ್ನೊಂದಕ್ಕೆ ಪೇಸ್ಟ್ ಮಾಡಿದ್ರೆ ಅಕ್ಷರದ ಸೈಜೇ ಬದಲಾಗಿದೆ.

ಎರಡೂ ಫೈಲಿನಲ್ಲಿ ಒಂದೇ ಹೆಸರಿನ ಸ್ಟೈಲ್ ಇದೆ, ಒಳಗಿನ ಅಳತೆ ಬೇರೆ. ಹೆಸರು ಒಂದೇ ಆದಾಗ ಪೇಸ್ಟ್ ಆಗುವ ಮನೆಯ ನಿಯಮವೇ ನಡೆಯುತ್ತದೆ. ಸ್ಮರಣ ಸಂಚಿಕೆಗೆ ಇದು ವರ. ನಾಲ್ಕು ಜನ ನಾಲ್ಕು ಕಡೆ ಲೇಖನ ಕಟ್ಟಿದರೂ ಎಲ್ಲರೂ 'ಶೀರ್ಷಿಕೆ', 'ಒಡಲು', 'ಪದ್ಯ' ಅಂತ ಒಂದೇ ಹೆಸರು ಇಟ್ಟುಕೊಂಡರೆ ಒಟ್ಟಿಗೆ ತಂದಾಗ ಪುಸ್ತಕ ಒಂದೇ ಕೈಯಲ್ಲಿ ಮಾಡಿದಂತೆ ಕಾಣುತ್ತದೆ. ಹಳೇ ರೂಪವೇ ಉಳಿಯಬೇಕು ಅಂದರೆ ಕಾಪಿ ಮಾಡುವ ಮೊದಲು ಆ ಫೈಲಿನ ಸ್ಟೈಲ್ ಹೆಸರು ಬದಲಿಸಿ. ವಸ್ತುಗಳು ಅವುಗಳ ಲೇಯರ್ ಸಮೇತ ಹೋಗಬೇಕಾದರೆ ಲೇಯರ್ಸ್ ಪ್ಯಾನೆಲ್ ಮೆನುವಿನಲ್ಲಿ ಪೇಸ್ಟ್ ರಿಮೆಂಬರ್ಸ್ ಲೇಯರ್ಸ್ ಆನ್ ಮಾಡಿ.

ಒಂದೇ ವಿಸಿಟಿಂಗ್ ಕಾರ್ಡ್ ಒಂದು ಹಾಳೇಲಿ ಹತ್ತು ಬರಬೇಕು. ಹತ್ತು ಸಲ ಪೇಸ್ಟ್ ಮಾಡಿ ಜರುಗಿಸ್ತಾ ಇದೀನಿ.

ಸ್ಟೆಪ್ ಅಂಡ್ ರಿಪೀಟ್, ಕಂಟ್ರೋಲ್ ಆಲ್ಟ್ ಯು. ಅಡ್ಡ ಎಷ್ಟು, ಉದ್ದ ಎಷ್ಟು, ನಡುವೆ ಅಂತರ ಎಷ್ಟು ಕೊಟ್ಟರೆ ಮುಗಿಯಿತು. ಪ್ರೂಫ್ ಓಕೆ ಆದ ಮೇಲೆ ಮಾಡಿ. ಇಲ್ಲದಿದ್ದರೆ ಒಂದು ತಪ್ಪು ಹತ್ತು ತಪ್ಪಾಗುತ್ತದೆ.

ಫ್ಲೆಕ್ಸ್‌ನವರು ಕರ್ವ್ ಮಾಡಿ ಕೊಡಿ ಅಂತಾರೆ. ಆ ಫೈಲ್‌ನಿಂದ ಆಮೇಲೆ ಅಕ್ಷರ ಕಾಪಿ ಮಾಡಬಹುದಾ?

ಆಗುವುದಿಲ್ಲ. ಕೋರಲ್‌ನಲ್ಲಿ ಕಂಟ್ರೋಲ್ ಕ್ಯೂ, ಇನ್‌ಡಿಸೈನ್‌ನಲ್ಲಿ ಕ್ರಿಯೇಟ್ ಔಟ್‌ಲೈನ್ಸ್ ಮಾಡಿದ ಗಳಿಗೆಯಿಂದ ಅದು ಅಕ್ಷರವಲ್ಲ, ಚಿತ್ರ. ಅವರ ಕಂಪ್ಯೂಟರ್‌ನಲ್ಲಿ ಫಾಂಟು ಇಲ್ಲದಿದ್ದರೂ ಒತ್ತು ಕೆಡಬಾರದು ಅಂತ ಹಾಗೆ ಕೇಳುತ್ತಾರೆ, ಅದು ನ್ಯಾಯವೇ. ಕರ್ವ್ ಮಾಡುವ ಮುಂಚೆ ಬೇರೆ ಹೆಸರಿನಲ್ಲಿ ಸೇವ್ ಮಾಡಿ, ಅಕ್ಷರ ಇರುವ ಫೈಲನ್ನು ಜೋಪಾನವಾಗಿ ಇಡಿ.

ಇಂಟರ್‌ನೆಟ್‌ನಲ್ಲಿ ಸಿಕ್ಕ ಕವನ ನಮ್ಮ ಸಂಚಿಕೆಗೆ ಪೇಸ್ಟ್ ಮಾಡಬಹುದಾ?

ನಮ್ಮ ದೇಶದ 1957ರ ಕೃತಿಸ್ವಾಮ್ಯ ಕಾಯ್ದೆ ಪ್ರಕಾರ ಕವಿಯ ಬದುಕಿನುದ್ದಕ್ಕೂ, ತೀರಿಕೊಂಡ ಮೇಲೆ ಇನ್ನೂ 60 ವರ್ಷ ಹಕ್ಕು ಇರುತ್ತದೆ. ಅನುಮತಿ ಕೇಳಿ. ಅನುಮತಿ ಸಿಕ್ಕ ಮೇಲೂ ನೆಟ್‌ನಲ್ಲಿ ಸಿಕ್ಕ ಪಾಠವನ್ನು ನಂಬಬೇಡಿ, ಅಚ್ಚಾದ ಪುಸ್ತಕ ತೆಗೆದು ಹೋಲಿಸಿ. ಚಾಮರಾಜಪೇಟೆಯಲ್ಲೇ ಕನ್ನಡ ಸಾಹಿತ್ಯ ಪರಿಷತ್ತು ಇದೆ, ಪುಸ್ತಕ ಹುಡುಕಲು ನಾನಂತೂ ಅಲ್ಲಿಂದ ಶುರು ಮಾಡುತ್ತೇನೆ.

ಲೇಖಕರು ಮೊದಲೇ ಪ್ರೂಫ್ ನೋಡಿ ಕೊಟ್ಟ ಫೈಲು. ಪೇಸ್ಟ್ ಆದ ಮೇಲೆ ಮತ್ತೆ ಪ್ರೂಫ್ ನೋಡಬೇಕಾ?

ನೋಡಲೇಬೇಕು. ಲೇಖಕರು ನೋಡಿದ್ದು ಅವರ ಕಂಪ್ಯೂಟರಿನ ಅಕ್ಷರ, ನಿಮ್ಮ ಪುಟದ್ದಲ್ಲ. ಕೆಲವು ವರ್ಷಗಳ ಹಿಂದೆ ಒಂದು ಲಗ್ನಪತ್ರಿಕೆ ಮಾಡಿಕೊಟ್ಟಿದ್ದೆ. ಮನೆಯವರು ಫೋನಿನಲ್ಲಿ ಟೈಪ್ ಮಾಡಿ, ಹತ್ತು ಜನ ಓದಿ, ಸರಿ ಇದೆ ಅಂತ ಕಳಿಸಿದ್ದರು. ಹಾಗಿದ್ದ ಮೇಲೆ ನಾನ್ಯಾಕೆ ಮತ್ತೆ ಓದಬೇಕು ಅಂತ ಪೇಸ್ಟ್ ಮಾಡಿ ಅಚ್ಚಿಗೆ ಕೊಟ್ಟೆ. ಹುಡುಗಿಯ ಅಜ್ಜನ ಹೆಸರಿನ ನಡುವೆ ಒಂದು ಒತ್ತು ಕೆಳಗೆ ಇಳಿದಿತ್ತು. ಕಾರ್ಡು ಕೈಗೆ ಬಂದಾಗ ಆ ತಾತ ಏನೂ ಬೈಯಲಿಲ್ಲ, ಹೆಸರಿನ ಮೇಲೆ ಬೆರಳಿಟ್ಟು ಸುಮ್ಮನೆ ನನ್ನ ಮುಖ ನೋಡಿದರು. ಎಲ್ಲ ಕಾರ್ಡನ್ನೂ ನಮ್ಮ ಖರ್ಚಿನಲ್ಲಿ ಮತ್ತೆ ಅಚ್ಚು ಹಾಕಿಸಿದೆ.

ಅಂದಿನಿಂದ ನಮ್ಮ ಅಂಗಡಿಯಲ್ಲಿ ಹೀಗೆ ನಡೆಯುತ್ತದೆ. ಪೇಸ್ಟ್ ಆದ ಪುಟವನ್ನು ಕಾಗದದ ಮೇಲೆ ಪ್ರಿಂಟ್ ತೆಗೆಯುತ್ತೇವೆ, ಒಬ್ಬರು ಮೂಲ ಫೈಲ್ ಗಟ್ಟಿಯಾಗಿ ಓದುತ್ತಾರೆ, ಇನ್ನೊಬ್ಬರು ಪ್ರಿಂಟ್ ಮೇಲೆ ಪೆನ್ಸಿಲ್ ಆಡಿಸುತ್ತಾರೆ. ಮೊದಲು ಹೆಸರುಗಳು, ಆಮೇಲೆ ತಾರೀಕು ಮತ್ತು ಮುಹೂರ್ತ, ಆಮೇಲೆ ಫೋನ್ ನಂಬರ್, ಉಳಿದದ್ದು ಕೊನೆಗೆ. ಒಂದು ಕಾರ್ಡಿಗೆ ಹತ್ತು ನಿಮಿಷ ಹಿಡಿಯುತ್ತದೆ.